ಭಾಗಾಕಾರದಲ್ಲಿ ಆ ಸೊನ್ನೆ ಎಲ್ಲಿಂದ ಬಂತು?

9.4ನ್ನು 4ರಿಂದ ಭಾಗಿಸಬೇಕು. ನಾಲ್ಕೆರಡ್ಲ ಎಂಟು, ಒಂದು ಉಳಿಯಿತು. ಬಿಂದು ಮೇಲೆ ಇಡು, 4 ಕೆಳಗಿಳಿಸು. ನಾಲ್ಕ್ಮೂರ್ಲ ಹನ್ನೆರಡು, ಎರಡು ಉಳಿಯಿತು. ಇಳಿಸೋಕೆ ಇನ್ನೇನೂ ಇಲ್ಲ, ಅದಕ್ಕೆ ಒಂದು ಸೊನ್ನೆ ಸೇರಿಸು, ನಾಲ್ಕೈದ್ಲ ಇಪ್ಪತ್ತು. ಉತ್ತರ 2.35. ಸರಿ. ಆದರೆ "ಆ ಸೊನ್ನೆ ಎಲ್ಲಿಂದ ಬಂತು?" ಅಂತ ಒಂದು ಮಗು ಕೇಳಿದರೆ "ಅದು ಹಾಗೇ ಮಾಡೋದು" ಅಂತ ಬಾಯಿ ಮುಚ್ಚಿಸುತ್ತಾರೆ. ನನಗೆ ಸಿಟ್ಟು ಬರುವುದು ಇಲ್ಲೇ. ಲೆಕ್ಕ ಏನು ಮಂತ್ರವಾ, ಅರ್ಥ ಕೇಳಬಾರದು ಅನ್ನೋಕೆ?

ಮೊದಲು ಉಳಿದ 1 ಅಂದರೆ ಒಂದು ಇಡಿ. ಅದನ್ನು ಇಡಿಯಾಗಿ ನಾಲ್ವರಿಗೆ ಹಂಚೋಕಾಗಲ್ಲ. ಹಾಗಾಗಿ ಚಿಲ್ಲರೆ ಮಾಡಿಸಬೇಕು. ಒಂದು ಇಡಿಯನ್ನು ಮುರಿದರೆ ಹತ್ತನೇ ಭಾಗದ ಹತ್ತು ತುಂಡು ಸಿಗುತ್ತವೆ, ಜೊತೆಗೆ ಮೊದಲೇ ಇದ್ದ ನಾಲ್ಕು, ಒಟ್ಟು 14. ತಲಾ ಮೂರು ಹಂಚಿದರೆ ಎರಡು ತುಂಡು ಮಿಕ್ಕವು. ಅವನ್ನೂ ಮುರಿಯಿರಿ, ನೂರನೇ ಭಾಗದ 20 ತುಂಡು ಆಯಿತು, ತಲಾ ಐದು. ನಾವು "ಸೇರಿಸಿದ" ಸೊನ್ನೆ ಇಷ್ಟೇ, ಚಿಲ್ಲರೆ ಮಾಡಿಸಿದ್ದಕ್ಕೆ ಗುರುತು. 9.4 ಅಂದರೂ 9.40 ಅಂದರೂ ಒಂದೇ ಅಲ್ವಾ, ಸೊನ್ನೆ ಅಲ್ಲೇ ಇತ್ತು, ನಾವು ಬರೆದಿರಲಿಲ್ಲ ಅಷ್ಟೆ.

ಹಗ್ಗ ಅಂತ ಬೇಕಾದರೂ ಯೋಚಿಸಿ. ಕೊನೆಗೆ ಉಳಿದ 0.2 ಮೀಟರನ್ನು 20 ಸೆಂಟಿಮೀಟರ್ ಅಂದುಕೊಂಡ ತಕ್ಷಣ ನಾಲ್ಕು ಪಾಲು ಸಲೀಸು. ಗಡಿಯಾರದಲ್ಲೂ ಇದೇ ಕತೆ. ಒಂದು ಗಂಟೆ ಉಳಿದರೆ ಅದನ್ನು 60 ನಿಮಿಷ ಮಾಡಿಕೊಂಡು ಹಂಚುತ್ತೇವೆ, ಆ 60 ಎಲ್ಲಿಂದ ಬಂತು ಅಂತ ಯಾರೂ ತಲೆ ಕೆಡಿಸಿಕೊಳ್ಳಲ್ಲ. ಕೂಡುವುದು, ಕಳೆಯುವುದು, ಗುಣಿಸುವುದು ಎಲ್ಲ ಬಲದಿಂದ ಶುರುವಾದರೂ ಭಾಗಾಕಾರ ಮಾತ್ರ ಎಡದಿಂದ ಶುರುವಾಗುವುದು ಇದಕ್ಕೇ. ದೊಡ್ಡದನ್ನು ಹಂಚಿ, ಮಿಕ್ಕಿದ್ದನ್ನು ಮುರಿದು ಕೆಳಗಿನ ಸ್ಥಾನಕ್ಕೆ ಕಳಿಸಬೇಕು.

ಬಿಂದುವಿನದು ಇದರಲ್ಲಿ ಜಾಸ್ತಿ ಪಾತ್ರ ಇಲ್ಲ. ಇಡಿಗಳು ಇಲ್ಲಿಗೆ ಮುಗಿದವು ಅನ್ನುವ ಬೋರ್ಡ್ ಅದು. ಜಾಗ ಬಿಟ್ಟು ಕದಲಲ್ಲ, ಅದಕ್ಕೇ ಉತ್ತರದಲ್ಲೂ ನೇರ ಮೇಲೆ ಬರುತ್ತದೆ. ನಿಜವಾಗಿ ಜನ ಎಡವುವುದು 6.18ನ್ನು 6ರಿಂದ ಭಾಗಿಸುವಂಥ ಕಡೆ. ಒಂದೇ ಒಂದು ಹತ್ತನೇ ಭಾಗ ಆರು ಜನಕ್ಕೆ ಸಾಲದು, ಅಲ್ಲಿ ಸೊನ್ನೆ ಬರೆದೇ ಮುಂದೆ ಹೋಗಬೇಕು. 1.3 ಅಲ್ಲ, 1.03.

ಇದೆಲ್ಲ ಈಚಿನದು ಅಂದುಕೊಳ್ಳಬೇಡಿ. ಡಮಾಸ್ಕಸ್‌ನಲ್ಲಿದ್ದ ಅಲ್-ಉಕ್ಲಿದಿಸಿ ಅನ್ನುವ ಗಣಿತಜ್ಞ ಸುಮಾರು 952ರಲ್ಲೇ 19ನ್ನು ಐದು ಸಲ ಅರ್ಧ ಮಾಡುತ್ತಾ ಹೋಗಿ 0.59375 ಪಡೆದಿದ್ದ. 9.5, 4.75, 2.375 ಹೀಗೆ. ಬಿಡಿ ಸ್ಥಾನ ಯಾವುದು ಅಂತ ತಿಳಿಯಲು ಅದರ ಮೇಲೆ ಒಂದು ಪುಟ್ಟ ಗೀಟು ಎಳೆದಿದ್ದ, ಅಷ್ಟೆ. ಯುರೋಪಿನಲ್ಲಿ ದಶಮಾಂಶವನ್ನು ಜನಪ್ರಿಯ ಮಾಡಿದ್ದು ಸೈಮನ್ ಸ್ಟೆವಿನ್, ಅದೂ 1585ರಲ್ಲಿ. ಪಾಪ, ಅವನ ಹತ್ತಿರ ಬಿಂದುವೇ ಇರಲಿಲ್ಲ. ಪ್ರತಿ ಅಂಕಿಯ ಪಕ್ಕ ವೃತ್ತದೊಳಗೆ ಸ್ಥಾನದ ಸಂಖ್ಯೆ ಬರೆಯುತ್ತಿದ್ದ!

ಮುರಿಯುವುದು ಎಲ್ಲಿಗೆ ನಿಲ್ಲುತ್ತದೆ? ಕೆಲವು ಸಲ ನಿಲ್ಲುವುದೇ ಇಲ್ಲ. 2.5ನ್ನು 7ರಿಂದ ಭಾಗಿಸಿ ನೋಡಿ. 0.3 ಬರೆದ ಮೇಲೆ ಉಳಿಯುವ ಶೇಷಗಳು ವರಸೆಯಾಗಿ 4, 5, 1, 3, 2, 6. ಏಳರಿಂದ ಭಾಗಿಸುವಾಗ ಸೊನ್ನೆ ಬಿಟ್ಟರೆ ಬೇರೆ ಶೇಷಗಳಿರುವುದೇ ಈ ಆರು. ಮುಂದಿನದು ಹಳೆಯದರಲ್ಲೇ ಒಂದಾಗಬೇಕು, ಆಗುತ್ತದೆ ಕೂಡ, ಮತ್ತೆ 4. ಇಳಿಸೋಕೆ ಹೊಸ ಅಂಕಿ ಇಲ್ಲ, ಬರೀ ಸೊನ್ನೆ, ಹಾಗಾಗಿ ಅದೇ 571428 ಮತ್ತೆ ಮತ್ತೆ ಬರುತ್ತಲೇ ಇರುತ್ತದೆ. ಎರಡನೇ 4 ಕಂಡ ತಕ್ಷಣ ಪೆನ್ಸಿಲ್ ಕೆಳಗಿಡಬಹುದು.