ಹಳೆಯ ರೂನ್‌ಸ್ಕೇಪ್ ಮರಳಿ ಬಂದ ಬಗೆ

ರೂನ್‌ಸ್ಕೇಪ್ ಎಂಬ ಆನ್‌ಲೈನ್ ಆಟದಲ್ಲಿ ಮರ ಕಡಿಯುವುದಿರಲಿ, ಮೀನು ಹಿಡಿಯುವುದಿರಲಿ, ಒಂದು ಕೌಶಲದಲ್ಲಿ 99ನೇ ಲೆವೆಲ್ ಮುಟ್ಟಬೇಕಾದರೆ 1,30,34,431 ಅಂಕ ಗಳಿಸಬೇಕು. 92ನೇ ಲೆವೆಲ್‌ಗೆ ಬಂದವರು ಹೆಚ್ಚುಕಡಿಮೆ ಅರ್ಧ ದಾರಿ ಸವೆಸಿರುತ್ತಾರೆ, ಅಷ್ಟೆ. ಓಕ್ ಮರದ ಮೇಲೆ ಕ್ಲಿಕ್ ಮಾಡಿ, ಕೊಡಲಿ ಬೀಸುವುದನ್ನು ನೋಡುತ್ತ, ಅದೇ ಮರಕ್ಕೆ ಕೈಹಾಕಿದ ಅಪರಿಚಿತರೊಡನೆ ಹರಟುತ್ತ ಗಂಟೆಗಟ್ಟಲೆ ಕಳೆಯುವ ಈ ನಿಧಾನದ ಆಟವನ್ನೇ ಆಟಗಾರರು ಪಟ್ಟುಹಿಡಿದು ಮರಳಿ ಪಡೆದರು.

ಆಂಡ್ರ್ಯೂ ಗೋವರ್ ತಮ್ಮ ಸೋದರ ಪಾಲ್ ಜೊತೆಗೂಡಿ 2001ರ ಜನವರಿಯಲ್ಲಿ ಹೊರತಂದ ರೂನ್‌ಸ್ಕೇಪ್ ಬ್ರೌಸರ್‌ನಲ್ಲೇ ತೆರೆದುಕೊಳ್ಳುತ್ತಿದ್ದುದರಿಂದ, ದುಬಾರಿ ಕಂಪ್ಯೂಟರ್ ಇಲ್ಲದ ಮಕ್ಕಳಿಗೂ ಎಟುಕಿತು. ಆಟದ ಚಿನ್ನವನ್ನು ನಿಜವಾದ ಹಣಕ್ಕೆ ಮಾರುವವರನ್ನು ತಡೆಯಲೆಂದು 2007ರ ಡಿಸೆಂಬರ್‌ನಲ್ಲಿ ಆಟವನ್ನು ನಡೆಸುವ ಜಾಗೆಕ್ಸ್ ಕಂಪನಿ ಆಟಗಾರರ ನಡುವಿನ ಮುಕ್ತ ವಿನಿಮಯಕ್ಕೆ ಕಡಿವಾಣ ಹಾಕಿದಾಗ ಮೊದಲ ದೊಡ್ಡ ಅಸಮಾಧಾನ ಎದ್ದಿತು. 2012ರ ನವೆಂಬರ್‌ನಲ್ಲಿ ಕಾಳಗದ ಕ್ರಮವೇ ಬದಲಾಯಿತು: ಎದುರಾಳಿಯ ಮೇಲೆ ಕ್ಲಿಕ್ ಮಾಡಿ ಕಾಯುವುದರ ಬದಲು, ಪರದೆಯ ಮೇಲಿನ ಗುಂಡಿಗಳನ್ನು ಹದವರಿತು ಒತ್ತುವ ಪದ್ಧತಿ ಬಂತು. ಮುದ್ರಿತ ಪುಸ್ತಕದ ಹಳೆಯ ಪ್ರತಿಯಾದರೂ ಯಾರದೋ ಕಪಾಟಿನಲ್ಲಿ ಸಿಕ್ಕೀತು. ಸರ್ವರ್‌ನಲ್ಲಿರುವ ಆಟ ಬದಲಾದರೆ ಎಲ್ಲರಿಗೂ ಒಟ್ಟಿಗೇ ಬದಲಾಗುತ್ತದೆ. ಆಟಗಾರರನ್ನು ನೋಯಿಸಿದ್ದು ಇದೇ ಎಂದು ನನಗನ್ನಿಸುತ್ತದೆ.

ಕಂಪನಿಯ ಬಳಿ 2007ರ ಆಗಸ್ಟ್ ತಿಂಗಳ ಬ್ಯಾಕಪ್ ಪ್ರತಿಯೊಂದು ಉಳಿದಿತ್ತು. ವಿನಿಮಯದ ನಿರ್ಬಂಧಕ್ಕಿಂತ ಕೆಲವೇ ತಿಂಗಳು ಮೊದಲಿನದು! 2013ರ ಫೆಬ್ರವರಿಯಲ್ಲಿ ಅದನ್ನು ತೆರೆಯಬೇಕೇ ಎಂದು ಮತ ಕೇಳಿದಾಗ 4,49,351 ಮತಗಳು ಬಿದ್ದವು. ಮತದಾನ ಮುಗಿಯುವ ಮೊದಲೇ, 22ರಂದು, 'ಓಲ್ಡ್ ಸ್ಕೂಲ್ ರೂನ್‌ಸ್ಕೇಪ್' ಆರಂಭವಾಯಿತು. ಹಳೆಯ ಪಾತ್ರಗಳು ಜೊತೆಗೆ ಬರಲಿಲ್ಲ. ವರ್ಷಗಟ್ಟಲೆ ಆಡಿದವರೂ ಕಂಚಿನ ಕೊಡಲಿ ಹಿಡಿದು ಮೊದಲಿನಿಂದ ಶುರುಮಾಡಬೇಕಾಯಿತು, ಮತ್ತು ಅವರು ಹಾಗೆ ಶುರುಮಾಡಿದರು.

ಬಾಲ್ಯದ ನೆನಪೊಂದೇ ಇದಕ್ಕೆ ಕಾರಣವಾಗಿದ್ದರೆ ಕೆಲವು ತಿಂಗಳಲ್ಲಿ ಆಸಕ್ತಿ ಆರಿಹೋಗುತ್ತಿತ್ತು. 2018ರಲ್ಲಿ ಮೊಬೈಲಿಗೂ ಬಂದ ಈ ಆವೃತ್ತಿಯನ್ನು ಉಳಿಸಿದ್ದು ಮತದಾನದ ಪದ್ಧತಿ. ಹೊಸದೇನನ್ನಾದರೂ ಸೇರಿಸಬೇಕಾದರೆ ಆಟಗಾರರ ಶೇ. 75ರಷ್ಟು ಒಪ್ಪಿಗೆ ಬೇಕಿತ್ತು. 2022ರಲ್ಲಿ ಅದನ್ನು ಶೇ. 70ಕ್ಕೆ ಇಳಿಸಲಾಯಿತು. 2019ರಲ್ಲಿ 'ವಾರ್ಡಿಂಗ್' ಎಂಬ ಹೊಸ ಕೌಶಲಕ್ಕೆ ಅರ್ಧಕ್ಕಿಂತ ಹೆಚ್ಚು ಮಂದಿ ಒಪ್ಪಿದ್ದರೂ ಅಗತ್ಯ ಪ್ರಮಾಣ ಮುಟ್ಟದ ಕಾರಣ ಕಂಪನಿ ಅದನ್ನು ಕೈಬಿಟ್ಟಿತು.