ಗೇಟಿನ ಕಲೆಕ್ಷನ್‌ನಿಂದ ಗುರುಕುಲದವರೆಗೆ: ಕೆರೆಮನೆ ಮೇಳದ ಯಜಮಾನಿಕೆ

ಹೊನ್ನಾವರದ ಕಡೆ ಯಕ್ಷಗಾನ ಕಲಾವಿದ ಕೆರೆಮನೆ ಶಂಭು ಹೆಗಡೆ ಅಂದರೆ ಅವರ ಕರ್ಣ, ಹರಿಶ್ಚಂದ್ರ ನೆನಪಾಗುತ್ತಾರೆ. ಮೇಳದ, ಅಂದರೆ ಯಕ್ಷಗಾನ ತಂಡದ, ಯಜಮಾನರಾಗಿ ಅವರು ಏನು ಮಾಡಿದರು ಅನ್ನುವ ಮಾತು ಬರುವುದು ಕಡಿಮೆ. ನನಗೆ ಆ ಕೆಲಸವೂ ವೇಷದಷ್ಟೇ ದೊಡ್ಡದು ಅನಿಸುತ್ತದೆ.

ಕೆರೆಮನೆ ಮೇಳ ಅಂತಲೇ ಕರೆಯುವ ಇಡಗುಂಜಿ ಮಹಾಗಣಪತಿ ಯಕ್ಷಗಾನ ಮಂಡಳಿ ಕಟ್ಟಿದ್ದು ಅವರ ತಂದೆ ಶಿವರಾಮ ಹೆಗಡೆ, 1934ರಲ್ಲಿ. ಬಯಲಲ್ಲಿ ಆಡುವ ಬಯಲಾಟದ ವ್ಯವಹಾರ ಸರಳವಾಗಿತ್ತು. ಊರಿನವರೋ ಹರಕೆ ಹೊತ್ತವರೋ ವೀಳ್ಯ, ಅಂದರೆ ಆಟದ ಸಂಭಾವನೆ, ಕೊಟ್ಟು ಆಟ ಆಡಿಸುತ್ತಿದ್ದರು. ಕೊಯ್ಲು ಮುಗಿದ ಗದ್ದೆಯಲ್ಲಿ ರಂಗಸ್ಥಳ ಏಳುತ್ತಿತ್ತು. ನೋಡುವವರಿಗೆ ಪುಕ್ಕಟೆ, ಖರ್ಚೆಲ್ಲ ಆಡಿಸುವವರದ್ದು.

ಡೇರೆ ಹಾಕಿ ಟಿಕೆಟ್ ಇಟ್ಟು ಆಟ ಆಡುವ ಪದ್ಧತಿ ಬಂದ ಮೇಲೆ ಈ ಲೆಕ್ಕ ತಲೆಕೆಳಗಾಯಿತು. ಈಗ ಬಂಡವಾಳ ಹಾಕಬೇಕಾದವನು ಯಜಮಾನ. ಲಾರಿ, ಜನರೇಟರ್, ಕುರ್ಚಿ, ಮೈಕು, ಜೊತೆಗೆ ಕಲಾವಿದರಿಗೆ ಊರೂರು ಸುತ್ತಿ ಆಡುವ ಇಡೀ ತಿರುಗಾಟದ ಸಂಬಳ, ಅದರಲ್ಲೂ ಒಂದಷ್ಟು ಮುಂಗಡ. ಹಗಲೆಲ್ಲ ವಾಹನಕ್ಕೆ ಮೈಕು ಕಟ್ಟಿಕೊಂಡು ಊರೂರು ಪ್ರಚಾರ. ರಾತ್ರಿ ಚೌಕಿಯಲ್ಲಿ (ವೇಷ ಕಟ್ಟುವ ಕೋಣೆಯಲ್ಲಿ) ಬಣ್ಣ ಹಚ್ಚಿಕೊಳ್ಳುವ ಹೊತ್ತಿಗೆ ಗೇಟಿನಲ್ಲಿ ಬೇರೆಯೇ ಚಿಂತೆ: ನೆಲದ ಟಿಕೆಟ್ ಎಷ್ಟು ಹೋಯಿತು, ಕುರ್ಚಿಯದ್ದು ಎಷ್ಟು? ಅಕಾಲದಲ್ಲಿ ಒಂದು ಮಳೆ ಸುರಿದರೆ ಆ ದಿನದ ಕಲೆಕ್ಷನ್ ನೀರುಪಾಲು. ಸಂಬಳ ಮಾತ್ರ ನಿಲ್ಲಿಸುವಂತಿಲ್ಲ.

ಡೇರೆ ತುಂಬಬೇಕು ಅಂದರೆ ಹೆಸರಿದ್ದ ವೇಷಧಾರಿ ಬೇಕು, ವರ್ಷಕ್ಕೊಂದು ಹೊಸ ಪ್ರಸಂಗ, ಅಂದರೆ ಆಡುವ ಕಥೆ, ಬೇಕು. ಚಿಟ್ಟಾಣಿ ರಾಮಚಂದ್ರ ಹೆಗಡೆಯವರ ವೇಷ ಇದೆ ಅಂದರೆ ಸಾಕು, ಜನ ನಡೆದಾದರೂ ಬರುತ್ತಿದ್ದರು. 2012ರಲ್ಲಿ ಪದ್ಮಶ್ರೀ ಬಂದದ್ದು ಆಮೇಲಿನ ಮಾತು. ಟಿಕೆಟ್ ಕೊಂಡ ಜನ ಅವರನ್ನು ಎಷ್ಟೋ ಮೊದಲೇ ದೊಡ್ಡವರನ್ನಾಗಿ ಮಾಡಿದ್ದರು.

ಶಂಭು ಹೆಗಡೆಯವರೂ ಡೇರೆ ಹೊತ್ತು ತಿರುಗಿದವರೇ. ಆದರೆ ಅವರು ದೆಹಲಿಯಲ್ಲಿ ಮಾಯಾ ರಾವ್ ಅವರ ಬಳಿ ನೃತ್ಯ ಸಂಯೋಜನೆ ಕಲಿತು ಬಂದಿದ್ದರು. ಗೇಟಿನ ದುಡ್ಡನ್ನೇ ನಂಬಿಕೊಂಡರೆ ರಂಗದ ಮೇಲೆ ಏನು ನಡೆಯಬೇಕು ಅನ್ನುವುದನ್ನೂ ಗೇಟೇ ತೀರ್ಮಾನ ಮಾಡುತ್ತದೆ, ಅಲ್ವಾ? 1986ರಲ್ಲಿ ಅವರು ಹೊನ್ನಾವರದ ಹತ್ತಿರದ ಗುಣವಂತೆಯಲ್ಲಿ ಶ್ರೀಮಯ ಯಕ್ಷಗಾನ ಕಲಾಕೇಂದ್ರ ಶುರು ಮಾಡಿದರು. ಹೆಜ್ಜೆ, ತಾಳ, ಮಾತುಗಾರಿಕೆಯನ್ನು ಕೂತು ಕಲಿಸುವ ಜಾಗ ಅದು. ಮೇಳ ಬರಬರುತ್ತ ಟಿಕೆಟ್ ಬಿಟ್ಟು ಆಹ್ವಾನದ ಮೇಲೆ, ಕಲಿಕೆಯ ಮೇಲೆ ನಿಂತಿತು. ವ್ಯವಹಾರದ ದೃಷ್ಟಿಯಿಂದ ನೋಡಿದರೂ ಇದು ಧೈರ್ಯದ ನಿರ್ಧಾರ. ಶಾಲೆಯಿಂದ ಅದೇ ರಾತ್ರಿ ದುಡ್ಡು ಬರುವುದಿಲ್ಲ.

2009ರಲ್ಲಿ ಶಂಭು ಹೆಗಡೆ ತೀರಿಕೊಂಡರು. ಮಗ ಶಿವಾನಂದ ಹೆಗಡೆ ಮಂಡಳಿಯ ಹೊಣೆ ಹೊತ್ತರು. ಗುಣವಂತೆಯಲ್ಲಿ ತಂದೆಯ ಹೆಸರಲ್ಲಿ ರಾಷ್ಟ್ರೀಯ ನಾಟ್ಯೋತ್ಸವ ನಡೆಸುತ್ತ ಬಂದಿದ್ದಾರೆ. ಹೊರ ರಾಜ್ಯಗಳ ಕಲಾವಿದರು ಈ ಸಣ್ಣ ಊರಿಗೆ ಬಂದು ಕುಣಿಯುತ್ತಾರೆ.

ಈಗ ಇನ್ನೊಂದು ಬಗೆಯ ಸಂಘಟಕರು ಬಂದಿದ್ದಾರೆ. ಮಳೆಗಾಲದಲ್ಲಿ ಬೆಂಗಳೂರಿನ ಸಭಾಂಗಣ ಹಿಡಿದು, ಬೇರೆ ಬೇರೆ ಮೇಳದವರನ್ನು ಸೇರಿಸಿ ಒಂದು ರಾತ್ರಿಯ ಆಟ ಮಾಡಿಸುತ್ತಾರೆ. ಲಾರಿಯಿಲ್ಲ, ಡೇರೆಯಿಲ್ಲ, ತಿಂಗಳ ಸಂಬಳದ ತಲೆನೋವಿಲ್ಲ. ಮೊದಲೆಲ್ಲ ಮಳೆಗಾಲ ಅಂದರೆ ಸುಮ್ನೆ ಮನೆಯಲ್ಲಿ ಕೂರಬೇಕಿದ್ದ ಕಲಾವಿದರಿಗೆ ಇದರಿಂದ ನಾಲ್ಕು ಕಾಸು ಸಿಗುತ್ತಿದೆ. ಅದು ನಿಜಕ್ಕೂ ಒಳ್ಳೆಯದು. ಆದರೆ ಮುಂದಿನ ವೇಷಧಾರಿಯನ್ನು, ಹಾಡಿ ಆಟ ನಡೆಸುವ ಭಾಗವತರನ್ನು ವರ್ಷಗಟ್ಟಲೆ ಕಲಿಸಿ ತಯಾರು ಮಾಡುವ ಖರ್ಚನ್ನು ಈ ಸಂಘಟಕರೂ ಹಂಚಿಕೊಳ್ಳಬೇಕು. ಆ ಹೊರೆ ಇವತ್ತಿಗೂ ಗುಣವಂತೆಯಂಥ ಕೆಲವೇ ಜಾಗಗಳ ಮೇಲಿದೆ.