ಜೇಮ್ಸ್ ವಿಲ್ಸನ್: ಸಾಲದ ಮೊಕದ್ದಮೆ ಮತ್ತು ಸಾಲಗಾರ ನ್ಯಾಯಮೂರ್ತಿ

ಅಮೆರಿಕದ ಸ್ವಾತಂತ್ರ್ಯ ಘೋಷಣೆ, ಸಂವಿಧಾನ ಎರಡಕ್ಕೂ ಸಹಿ ಹಾಕಿದವರು ಆರೇ ಮಂದಿ, ಅವರಲ್ಲಿ ವಿಲ್ಸನ್ ಒಬ್ಬ. ನಾವೆಲ್ಲ ಬಾಯಿಪಾಠ ಮಾಡುವುದು ಇಷ್ಟನ್ನೇ. ಆದರೆ ಆತನನ್ನು ಅರ್ಥಮಾಡಿಕೊಳ್ಳಲು ಸಹಿಗಳಿಗಿಂತ 1793ರ ಒಂದು ತೀರ್ಪು ಹೆಚ್ಚು ನೆರವಾಗುತ್ತದೆ. ಅಲ್ಲಿಗೆ ಬರುವ ಮುನ್ನ ಹಿನ್ನೆಲೆ.

ಹುಟ್ಟಿದ್ದು 1742ರಲ್ಲಿ, ಸ್ಕಾಟ್ಲೆಂಡಿನಲ್ಲಿ. ಫಿಲಡೆಲ್ಫಿಯಾಕ್ಕೆ ಬಂದು ಜಾನ್ ಡಿಕಿನ್ಸನ್ ಎಂಬ ವಕೀಲನ ಕಚೇರಿಯಲ್ಲಿ ಕಾನೂನು ಕಲಿತ; ರೆಡಿಂಗ್, ಕಾರ್ಲೈಲ್ ಊರುಗಳಲ್ಲಿ ವಕೀಲಿ ನಡೆಸಿದ. ವಸಾಹತುಗಳ ಮೇಲೆ ಬ್ರಿಟಿಷ್ ಸಂಸತ್ತಿಗೆ ಅಧಿಕಾರವೇ ಇಲ್ಲ ಎಂದು ವಾದಿಸುವ ಆತನ ಪುಸ್ತಿಕೆ 1774ರಲ್ಲಿ ಅಚ್ಚಾಯಿತು. 1776ರ ಜುಲೈ 2ರಂದು ಸ್ವಾತಂತ್ರ್ಯದ ಪರವಾಗಿ ಮತ ಹಾಕಿದ. ಗುರು ಡಿಕಿನ್ಸನ್ ಮಾತ್ರ ಆ ದಿನ ಮತದಾನದಿಂದ ದೂರ ಉಳಿದ.

ಹಾಗೆಂದು ಈತ ಜನಪ್ರಿಯ ನಾಯಕನಾಗಿದ್ದ ಎಂದುಕೊಳ್ಳಬೇಡಿ. ದೇಶದ್ರೋಹದ ಆರೋಪ ಹೊತ್ತ ಬ್ರಿಟಿಷ್ ನಿಷ್ಠರ ಪರ ವಾದಿಸಿದ್ದಕ್ಕೆ ಜನ ಸಿಟ್ಟಾಗಿದ್ದರು. ಬೆಲೆಯೇರಿಕೆಯ ಕಾವೂ ಸೇರಿ, 1779ರ ಅಕ್ಟೋಬರ್ 4ರಂದು ಸಶಸ್ತ್ರ ಗುಂಪೊಂದು ಆತನ ಮನೆಗೆ ಮುತ್ತಿಗೆ ಹಾಕಿತು. ಗುಂಡು ಹಾರಿ ಜೀವಗಳು ಹೋದವು. ಇಲ್ಲಿ ಒಂದು ವಿಚಿತ್ರವಿದೆ. ಯಾವ ಜನ ಮನೆಗೆ ನುಗ್ಗಿದರೋ ಆ ಜನರೇ ಪರಮಾಧಿಕಾರಿಗಳು ಎಂಬ ವಾದವನ್ನು ಆತ ಕೊನೆಯವರೆಗೂ ಬಿಡಲಿಲ್ಲ.

1787ರ ಸಂವಿಧಾನ ಸಭೆಯಲ್ಲಿ ಅತಿ ಹೆಚ್ಚು ಮಾತನಾಡಿದ ಕೆಲವರಲ್ಲಿ ಈತನೂ ಒಬ್ಬ. ಅಧ್ಯಕ್ಷನನ್ನು ಜನರೇ ನೇರವಾಗಿ ಆರಿಸಬೇಕು ಎಂಬುದು ಆತನ ಮನಸ್ಸಿನಲ್ಲಿದ್ದದ್ದು. ಅದಕ್ಕೆ ಬೆಂಬಲ ಸಿಗುವ ಲಕ್ಷಣ ಕಾಣದಾಗ, ಮರುದಿನ ಜೂನ್ 2ರಂದು, ಜನ ಮತದಾರ ಪ್ರತಿನಿಧಿಗಳನ್ನು ಆರಿಸಲಿ, ಅವರು ಅಧ್ಯಕ್ಷನನ್ನು ಆರಿಸಲಿ ಎಂದ. ಅಂದು ಬಿದ್ದುಹೋದ ಆ ಸೂಚನೆ ಬೇಸಿಗೆ ಕಳೆಯುವಷ್ಟರಲ್ಲಿ ರೂಪ ಬದಲಿಸಿಕೊಂಡು ಮರಳಿತು. ಇಂದಿನ ಎಲೆಕ್ಟೋರಲ್ ಕಾಲೇಜಿನ ಬೇರು ಇಲ್ಲಿದೆ.

ಶಾಸನಸಭೆಯಲ್ಲಿ ರಾಜ್ಯಗಳ ಪ್ರಾತಿನಿಧ್ಯ ಲೆಕ್ಕ ಹಾಕುವಾಗ ಐವರು ಗುಲಾಮರನ್ನು ಮೂವರೆಂದು ಎಣಿಸುವ ಸೂತ್ರವನ್ನು ಜೂನ್ 11ರಂದು ಮಂಡಿಸಿದವನೂ ಇವನೇ. ಹಲವರು ಇದನ್ನು ಗುಲಾಮರಿಗೆ ಐದರಲ್ಲಿ ಮೂರು ಪಾಲು ಮತ ಕೊಟ್ಟರು ಎಂದು ಓದಿಕೊಳ್ಳುತ್ತಾರೆ. ಅದು ತಪ್ಪು: ಗುಲಾಮರಿಗೆ ಮತವೇ ಇರಲಿಲ್ಲ, ಆ ಎಣಿಕೆಯಿಂದ ಹೆಚ್ಚಿದ್ದು ಒಡೆಯರ ರಾಜ್ಯಗಳ ಸ್ಥಾನಗಳು. ಅವರು ನಾಗರಿಕರಾದರೆ ಸಮಾನವಾಗಿ ಏಕೆ ಎಣಿಸಬಾರದು, ಆಸ್ತಿಯಾದರೆ ಉಳಿದ ಆಸ್ತಿಯನ್ನು ಏಕೆ ಎಣಿಸಬಾರದು ಎಂದು ಜುಲೈನಲ್ಲಿ ಸ್ವತಃ ವಿಲ್ಸನ್ನೇ ಕೇಳಿದ. ಕೇಳಿಯೂ ರಾಜಿಗೆ ಒಪ್ಪಿದ. ಈ ವಿಷಯದಲ್ಲಿ ಆತನಿಗೆ ರಿಯಾಯಿತಿ ಕೊಡಲು ನನಗೆ ಮನಸ್ಸಿಲ್ಲ.

1789ರಲ್ಲಿ ಮುಖ್ಯ ನ್ಯಾಯಮೂರ್ತಿಯ ಹುದ್ದೆ ಬೇಕೆಂದು ವಾಷಿಂಗ್ಟನ್‌ಗೆ ತಾನೇ ಪತ್ರ ಬರೆದ. ಆ ಹುದ್ದೆ ಜಾನ್ ಜೇ ಪಾಲಾಯಿತು. ಈತ ಸುಪ್ರೀಂ ಕೋರ್ಟಿನ ಸಹ ನ್ಯಾಯಮೂರ್ತಿಯಾದ.

ಇನ್ನು ಆ ತೀರ್ಪು: ಚಿಸಮ್ ವಿರುದ್ಧ ಜಾರ್ಜಿಯಾ. ಯುದ್ಧಕಾಲದಲ್ಲಿ ಜಾರ್ಜಿಯಾಕ್ಕೆ ಸಾಮಾನು ಮಾರಿದ್ದ ದಕ್ಷಿಣ ಕೆರೊಲಿನಾದ ವ್ಯಾಪಾರಿಗೆ ಹಣ ಬಂದಿರಲಿಲ್ಲ. ಆತ ಸತ್ತ ಮೇಲೆ ಆಸ್ತಿಯ ಉಸ್ತುವಾರಿ ಹೊತ್ತ ಚಿಸಮ್ ದಾವೆ ಹೂಡಿದ. ನಾವು ಪರಮಾಧಿಕಾರವುಳ್ಳ ರಾಜ್ಯ, ನಮ್ಮ ಮೇಲೆ ದಾವೆ ನಡೆಯದು ಎಂಬುದು ಜಾರ್ಜಿಯಾದ ನಿಲುವು. ಆ ರಾಜ್ಯ ನ್ಯಾಯಾಲಯಕ್ಕೇ ಬರಲಿಲ್ಲ. ವಿಲ್ಸನ್ ಉತ್ತರಿಸಿದ ಬಗೆ ಹೀಗಿದೆ: ಪರಮಾಧಿಕಾರ ಜನರದ್ದು, ರಾಜ್ಯದ್ದಲ್ಲ. ಒಬ್ಬ ಮನುಷ್ಯ ಕರಾರಿಗೆ ಬದ್ಧನಾಗುವುದಾದರೆ, ಮನುಷ್ಯರೆಲ್ಲ ಸೇರಿ ಆದ ರಾಜ್ಯವೂ ಬದ್ಧ. ಕೊಟ್ಟ ಮಾತಿಗೆ ತಪ್ಪಿದ ವ್ಯಾಪಾರಿಗೂ ರಾಜ್ಯಕ್ಕೂ ಅಂತರವಿಲ್ಲ. ನಾಲ್ವರು ಚಿಸಮ್ ಪರ ನಿಂತರು, ಜೇಮ್ಸ್ ಐರ್‌ಡೆಲ್ ಒಬ್ಬನೇ ಭಿನ್ನ ತೀರ್ಪು ಬರೆದ. ರಾಜ್ಯಗಳು ಕೆರಳಿದವು, 1795ರಲ್ಲಿ ಅಂಗೀಕಾರವಾದ ಹನ್ನೊಂದನೇ ತಿದ್ದುಪಡಿ ಆ ತೀರ್ಪನ್ನು ಅಳಿಸಿತು.

ಸಾಲದ ಬಗ್ಗೆ ಇಷ್ಟು ಕಟ್ಟುನಿಟ್ಟಾಗಿ ಬರೆದವನು ಪಶ್ಚಿಮದ ಭೂಮಿಯ ವ್ಯವಹಾರಕ್ಕೆ ಸಾಲದ ಮೇಲೆ ಸಾಲ ಮಾಡಿಕೊಂಡಿದ್ದ. ನ್ಯಾಯಮೂರ್ತಿಯ ಹುದ್ದೆಯಲ್ಲಿ ಇರುವಾಗಲೇ ನ್ಯೂಜೆರ್ಸಿಯ ಬರ್ಲಿಂಗ್ಟನ್‌ನಲ್ಲಿ ಜೈಲು ಸೇರಿದ. ಬಿಡುಗಡೆಯಾಗಿ ಉತ್ತರ ಕೆರೊಲಿನಾಕ್ಕೆ ಓಡಿದರೆ ಅಲ್ಲೂ ಬಂಧನ. ಸಾಲ ಕೊಟ್ಟಿದ್ದ ಪಿಯರ್ಸ್ ಬಟ್ಲರ್ 1787ರ ಸಭೆಯಲ್ಲಿ ಜೊತೆಗೆ ಕುಳಿತಿದ್ದವನೇ. 1798ರ ಆಗಸ್ಟ್‌ನಲ್ಲಿ ಈಡೆಂಟನ್ ಪಟ್ಟಣದಲ್ಲಿ ವಿಲ್ಸನ್ ತೀರಿಕೊಂಡ. ಈಡೆಂಟನ್ ಭಿನ್ನ ತೀರ್ಪು ಬರೆದ ಐರ್‌ಡೆಲ್‌ನ ಊರು. ಹೂಳಿದ್ದು ಐರ್‌ಡೆಲ್‌ನ ಭಾವಮೈದುನನ ಕುಟುಂಬದ ಸ್ಮಶಾನದಲ್ಲಿ. ಅವಶೇಷಗಳನ್ನು ಫಿಲಡೆಲ್ಫಿಯಾಕ್ಕೆ ತಂದದ್ದು 1906ರಲ್ಲಿ.